ದಂಡಿನ ಕುದುರೆಗಳು: ಬ್ರಿಟಿಷ್ ಲೈಟ್ ಕ್ಯಾವಲ್ರಿ ಬಗ್ಗೆ ಒಂದು ಉಪನ್ಯಾಸ

ಎಲ್ರಿಗೂ ನಮಸ್ಕಾರ. ಹಿಂದಿನ ಸಾಲಿನೋರಿಗೆ ಕೇಳಿಸ್ತಿದೆ ತಾನೇ? ಸರಿ.

ಲೈಟ್ ಕ್ಯಾವಲ್ರಿ, ಅಂದ್ರೆ ಹಗುರ ಕುದುರೆ ದಂಡು. ಅದರ ಲೈಟ್ ಡ್ರಗೂನ್ಸ್, ಹುಸಾರ್ಸ್, ಲ್ಯಾನ್ಸರ್ಸ್ ಅನ್ನೋ ರೆಜಿಮೆಂಟುಗಳ ಹೆಸರು ಕೇಳಿದ ಕೂಡ್ಲೇ ಎಲ್ರ ಕಣ್ಮುಂದೆ ಬರೋದು ಒಂದೇ ಚಿತ್ರ, ಕತ್ತಿ ಹಿರಿದು ಸಾಲಾಗಿ ನುಗ್ತಾ ಇರೋ ಕುದುರೆಗಳು, ಹಿಂದೆ ಹೊಗೆ, ಧೂಳು. ನಾನು ಇವತ್ತು ಹೇಳೋಕೆ ಬಂದಿರೋದು ಏನಪ್ಪಾ ಅಂದ್ರೆ, ಈ ನುಗ್ಗೋದಿದ್ಯಲ್ಲ, ಚಾರ್ಜ್ ಅಂತಾರಲ್ಲ, ಅದು ಈ ಬ್ರಿಟಿಷ್ ರೆಜಿಮೆಂಟುಗಳ ಕೆಲಸದಲ್ಲಿ ತೀರಾ ಚಿಕ್ಕ ಭಾಗ. ಅವರು ಹೆಸರು ಮಾಡಿದ್ದು ಅದರಲ್ಲೇ, ಮಣ್ಣು ಮುಕ್ಕಿದ್ದೂ ಬಹಳ ಸಲ ಅದರಲ್ಲೇ. ದಿನಾ ಮಾಡ್ತಿದ್ದ ಅಸಲಿ ಕೆಲಸ ಬೇರೆ ಇತ್ತು, ಅದನ್ನ ಯಾರೂ ಪೇಂಟಿಂಗ್ ಮಾಡ್ಲಿಲ್ಲ.

ಮೊದಲು ಸ್ವಲ್ಪ ಹಿನ್ನೆಲೆ. ಹೆವಿ ಕ್ಯಾವಲ್ರಿ ಅಂದ್ರೆ ದೊಡ್ಡ ಕುದುರೆ, ದೊಡ್ಡ ಆಳು, ಯುದ್ಧದ ದಿನ ಶತ್ರು ಸಾಲು ಮುರಿಯೋಕೆ ಇಟ್ಟಿರೋದು. ಲೈಟ್ ಅಂದ್ರೆ ಚಿಕ್ಕ, ಚುರುಕು ಕುದುರೆ. ಮುಂದೆ ಹೋಗಿ ಶತ್ರು ಎಲ್ಲಿದಾನೆ ನೋಡ್ಕೊಂಡು ಬರೋದು, ಹಳ್ಳಿಯಲ್ಲಿ ವಿಚಾರಿಸೋದು, ಸುದ್ದಿ ಸಾಗಿಸೋದು, ಅವರ ರೇಷನ್ ಗಾಡಿಗಳಿಗೆ ಅಡ್ಡ ಹಾಕೋದು, ಸೋತು ಓಡೋರನ್ನ ಅಟ್ಟಿಸ್ಕೊಂಡು ಹೋಗೋದು. ಇಂಗ್ಲೆಂಡಿನೋರು ಈ ವಿದ್ಯೆಗೆ ಬಂದಿದ್ದು ಲೇಟಾಗಿ. 1745ರ ಸ್ಕಾಟ್‌ಲ್ಯಾಂಡ್ ದಂಗೆ ಟೈಮಲ್ಲಿ ಒಂದು ರೆಜಿಮೆಂಟ್ ಮಾಡಿ ನೋಡಿದ್ರು, ಆಮೇಲೆ 1759ರಲ್ಲಿ ಸೀರಿಯಸ್ಸಾಗಿ ಶುರು ಹಚ್ಕೊಂಡ್ರು, 15, 16, 17ನೇ ಲೈಟ್ ಡ್ರಗೂನ್ಸ್ ಎಲ್ಲ ಆ ಕಾಲದ್ದು. 15ನೇ ರೆಜಿಮೆಂಟಿಗೆ ಸೇರಿದೋರಲ್ಲಿ ಲಂಡನ್ನಿನಲ್ಲಿ ಸ್ಟ್ರೈಕ್ ಮಾಡ್ತಿದ್ದ ದರ್ಜಿಗಳು ಬಹಳ ಜನ ಇದ್ರು ಅಂತ ಹೇಳ್ತಾರೆ, ಅದೇ ದರ್ಜಿಗಳ ರೆಜಿಮೆಂಟು ಮಾರನೇ ವರ್ಷ 1760ರ ಜುಲೈನಲ್ಲಿ ಜರ್ಮನಿಯ ಎಮ್ಸ್‌ಡಾರ್ಫ್‌ನಲ್ಲಿ ಫ್ರೆಂಚರ ಮೇಲೆ ಬಿದ್ದು ಎಂಥಾ ಹೆಸರು ಮಾಡ್ತು ಅಂದ್ರೆ ಆ ಊರಿನ ಹೆಸರನ್ನ ಟೋಪಿ ಮೇಲೆ ಹಾಕ್ಕೊಳ್ಳೋಕೆ ರಾಜನೇ ಪರ್ಮಿಷನ್ ಕೊಟ್ಟ. ಆಮೇಲೆ 1806-07ರ ಹೊತ್ತಿಗೆ ಹಂಗೇರಿ ಸ್ಟೈಲಿನ ಜರತಾರಿ ಡ್ರೆಸ್ ಹಾಕಿ ಕೆಲವರನ್ನ ಹುಸಾರ್ಸ್ ಮಾಡಿದ್ರು, 1816ರಲ್ಲಿ ಪೋಲೆಂಡಿನೋರನ್ನ ನೋಡಿ ಕೈಗೆ ಭರ್ಜಿ ಕೊಟ್ಟು ಇನ್ನು ಕೆಲವರನ್ನ ಲ್ಯಾನ್ಸರ್ಸ್ ಮಾಡಿದ್ರು. ಡ್ರೆಸ್ ಬದಲಾಯ್ತೇ ಹೊರತು ಕೆಲಸ ಬಹುಪಾಲು ಅದೇ.

ಆ ಕೆಲಸ ಹೆಂಗಿತ್ತು ಅಂತ ನೋಡ್ಬೇಕು ಅಂದ್ರೆ 1808ರಿಂದ 1814ರವರೆಗೆ ನೆಪೋಲಿಯನ್ನಿನ ಫ್ರೆಂಚರ ಜೊತೆ ಯುದ್ಧ ನಡೆದ ಪೋರ್ಚುಗಲ್, ಸ್ಪೇನ್ ಕಡೆಗೆ ಹೋಗ್ಬೇಕು. ಸೈನ್ಯ ಮಲಗಿರುತ್ತೆ, ಮೈಲಿಗಟ್ಟಲೆ ಮುಂದೆ ಒಂದು ದಿಬ್ಬದ ಮೇಲೆ ಒಬ್ಬ ಸವಾರ ಕುದುರೆ ಮೇಲೇ ಕೂತಿರ್ತಾನೆ. ಅವನಿಗೆ ವಿಡೆಟ್ ಅಂತ ಕರೀತಿದ್ರು. ಶತ್ರು ಕಂಡ್ರೆ ಕೂಗೋ ಹಾಗಿಲ್ಲ, ಅಷ್ಟು ದೂರಕ್ಕೆ ಕೇಳೋದೂ ಇಲ್ಲ. ಅವನು ಕುದುರೇನ ನಿಂತಲ್ಲೇ ಗುಂಡಗೆ ಸುತ್ತಿಸ್ತಾನೆ. ಒಂದು ದಿಕ್ಕಿಗೆ ಸುತ್ತಿಸಿದ್ರೆ ಬರ್ತಿರೋದು ಕಾಲಾಳು, ಇನ್ನೊಂದು ದಿಕ್ಕಿಗೆ ಸುತ್ತಿಸಿದ್ರೆ ಕುದುರೆ ದಂಡು, ಜೋರಾಗಿ ಸುತ್ತಿಸಿದ್ರೆ ಬೇಗ ಬರ್ತಿದಾರೆ ಅಂತ ಅರ್ಥ. ಹಿಂದೆ ಇರೋ ಪಿಕೆಟ್‌ನೋರು, ಅಂದ್ರೆ ಕಾವಲು ತುಕಡಿಯೋರು, ನೋಡಿ ಜೀನು ಬಿಗಿದು ರೆಡಿ ಆಗ್ತಾರೆ. ರಾತ್ರಿಯೆಲ್ಲ ಮಳೆ ಚಳಿ ಅನ್ನದೆ ಇದೇ ಕೆಲಸ.

ಇದರಲ್ಲಿ ಎಲ್ರಿಗಿಂತ ಮುಂದಿದ್ದೋರು ಇಂಗ್ಲಿಷರಲ್ಲ, ಬ್ರಿಟಿಷ್ ಸೈನ್ಯದಲ್ಲೇ ಇದ್ದ ಜರ್ಮನ್ನರು, ಕಿಂಗ್ಸ್ ಜರ್ಮನ್ ಲೀಜನ್ನಿನ ಹುಸಾರ್ಸ್. ಅವರು ಮೊದಲು ಕುದುರೆಗೆ ಮೇವು ಹಾಕಿ ಆಮೇಲೆ ತಾವು ಊಟಕ್ಕೆ ಕೂರ್ತಿದ್ರು. ಇಂಗ್ಲಿಷ್ ಹುಡುಗರು ಸವಾರಿಯಲ್ಲಿ ಗಟ್ಟಿಗರು, ನರಿ ಬೇಟೆಯಲ್ಲಿ ಬೇಲಿ ಹಾರಿಸಿ ಹಾರಿಸಿ ಪಳಗಿದ ಆಫೀಸರುಗಳು, ಆದ್ರೆ ಕುದುರೆ ಬೆನ್ನಿನ ಕಡೆ ಗಮನ ಕಡಿಮೆ. ಸವಾರ, ಜೀನು, ಕತ್ತಿ, ಕಾರ್ಬೈನು ಅನ್ನೋ ಗಿಡ್ಡ ಬಂದೂಕು, ಸುತ್ತಿಟ್ಟ ಕೋಟು, ಕಾಳಿನ ಚೀಲ ಎಲ್ಲ ಸೇರಿದ್ರೆ ಕುದುರೆ ಬೆನ್ನ ಮೇಲೆ ಸುಮಾರು 120 ಕೆಜಿ. ಕೆಳಗೆ ಹಾಕೋ ಕಂಬಳಿ ಒಂದು ಕಡೆ ಮಡಿಕೆ ಬಿದ್ರೂ ಸಾಕು, ಸಾಯಂಕಾಲದೊಳಗೆ ಹುಣ್ಣು, ವಾರ ಎರಡು ವಾರ ಆ ಕುದುರೆ ಕೆಲಸಕ್ಕಿಲ್ಲ. ಯುದ್ಧದಲ್ಲಿ ಸತ್ತಿದ್ದಕ್ಕಿಂತ ಹೆಚ್ಚು ಕುದುರೆ ಹೀಗೆ ಹುಣ್ಣು, ಹಸಿವು, ಲಾಳ ಕಿತ್ತು ಹೋಗೋದು ಇದರಿಂದಲೇ ಹೋಗಿದ್ದು.

ಇನ್ನು ಚಾರ್ಜ್ ವಿಚಾರ. 1809ರಲ್ಲಿ ಸ್ಪೇನಿನ ತಲವೇರಾ ಯುದ್ಧದಲ್ಲಿ 23ನೇ ಲೈಟ್ ಡ್ರಗೂನ್ಸ್ ಜೋರಾಗಿ ನುಗ್ತಾ ಇದಾರೆ, ಮುಂದೆ ಹುಲ್ಲಲ್ಲಿ ಮುಚ್ಚಿಹೋಗಿದ್ದ ಒಂದು ಕಂದರ ಕಾಣ್ಲೇ ಇಲ್ಲ, ಬಿದ್ದೋರು ಬಿದ್ರು, ದಾಟಿದೋರು ನಿಲ್ಲದೆ ಹಂಗೇ ಹೋಗಿ ಫ್ರೆಂಚರ ಮಧ್ಯೆ ಸಿಕ್ಕೊಂಡು ರೆಜಿಮೆಂಟಲ್ಲಿ ಹತ್ತಿರ ಹತ್ತಿರ ಅರ್ಧ ಜನ ಹೋದ್ರು. ಮುಂದೆ ಏನಿದೆ ನೋಡೋದೇ ಕೆಲಸ ಆಗಿರೋ ರೆಜಿಮೆಂಟು ನೋಡಿ ಇದು! 1812ರಲ್ಲಿ ಮಾಗಿಯಾ ಅನ್ನೋ ಕಡೆ ಸ್ಲೇಡ್ ಅನ್ನೋ ಜನರಲ್ ಮೊದಲು ಗೆದ್ದ, ಗೆದ್ದ ಖುಷಿಯಲ್ಲಿ ಎಲ್ರೂ ಚೆಲ್ಲಾಪಿಲ್ಲಿಯಾಗಿ ಅಟ್ಟಿಸ್ಕೊಂಡು ಹೋದ್ರು, ಕುದುರೆಗಳಿಗೆ ಉಸಿರು ಕಟ್ತು, ಅಷ್ಟೊತ್ತಿಗೆ ಫ್ರೆಂಚರು ಹಿಂದೆ ಇಟ್ಕೊಂಡಿದ್ದ ಫ್ರೆಶ್ ತುಕಡಿ ಬಂತು, ಕಥೆ ಮುಗೀತು. ಅಲ್ಲಿನ ಬ್ರಿಟಿಷ್ ಸೇನಾಪತಿ ವೆಲಿಂಗ್ಟನ್‌ಗೆ ಎಷ್ಟು ಸಿಟ್ಟು ಬಂತು ಅಂದ್ರೆ, ನಮ್ಮ ಕ್ಯಾವಲ್ರಿ ಆಫೀಸರುಗಳು ಕಂಡಕಂಡದ್ದಕ್ಕೆಲ್ಲ ಕುದುರೆ ಓಡಿಸ್ತಾರೆ, ರಿಸರ್ವ್ ಇಟ್ಕೊಳ್ಳೋದು ಗೊತ್ತಿಲ್ಲ ಅನ್ನೋ ಧಾಟಿಯಲ್ಲಿ ಪತ್ರ ಬರೆದ.

ಈ ವೆಲಿಂಗ್ಟನ್ ಅದೇ ನಮ್ಮ ಶ್ರೀರಂಗಪಟ್ಟಣದ ಆರ್ಥರ್ ವೆಲ್ಲೆಸ್ಲಿ. ಕುದುರೆ ದಂಡನ್ನ ಹೆಂಗೆ ಬಳಸ್ಬೇಕು ಅಂತ ಅವನು ಕಲಿತಿದ್ದು ಬಹುಪಾಲು ಕನ್ನಡ ಸೀಮೆಯಲ್ಲೇ, ಇದು ನನ್ನ ಅಭಿಪ್ರಾಯ, ಒಪ್ಪದೇ ಇರೋರು ಆಮೇಲೆ ಜಗಳಕ್ಕೆ ಬನ್ನಿ.

ಮೈಸೂರಿನ ಕುದುರೆ ಸೇನೆ ಈಸ್ಟ್ ಇಂಡಿಯಾ ಕಂಪನಿಗೆ ಕೊಟ್ಟ ಏಟು ಸಣ್ಣದಲ್ಲ. 1769ರಲ್ಲಿ ಹೈದರ್ ಫಿರಂಗಿ ಗಿರಂಗಿ ಎಲ್ಲ ಹಿಂದೆ ಬಿಟ್ಟು ಬರೀ ಕುದುರೆಗಳ ಜೊತೆ ಮದ್ರಾಸಿನ ಬಾಗಿಲಿಗೇ ಹೋಗಿ ನಿಂತ, ಕಂಪನಿಯೋರು ಒಪ್ಪಂದಕ್ಕೆ ಸಹಿ ಹಾಕಿದ್ರು. ಅಟ್ಟಿಸ್ಕೊಂಡು ಹೋಗೋಣ ಅಂದ್ರೆ ಅವರ ಹತ್ರ ಕುದುರೇನೇ ಇಲ್ಲ. ಕೊನೆಗೆ 1782ರಲ್ಲಿ ಇಂಗ್ಲೆಂಡಿಂದ ಒಂದು ಲೈಟ್ ಡ್ರಗೂನ್ ರೆಜಿಮೆಂಟ್ ಬಂತು, ಇಂಡಿಯಾಕ್ಕೆ ಬಂದ ಮೊದಲ ಬ್ರಿಟಿಷ್ ಕ್ಯಾವಲ್ರಿ ರೆಜಿಮೆಂಟೇ ಅದು, ಮುಂದೆ ಅದಕ್ಕೆ 19ನೇ ನಂಬರ್ ಸಿಕ್ತು. ಇವರೂ ಶುರುವಿನಲ್ಲಿ ಅದೇ ತಪ್ಪು ಮಾಡಿದ್ರು. 1791ರ ಮಾರ್ಚಲ್ಲಿ ಬೆಂಗಳೂರಿನ ಹತ್ರ ಕರ್ನಲ್ ಫ್ಲಾಯ್ಡ್ ಟಿಪ್ಪುವಿನ ಸಾಮಾನು ಸರಂಜಾಮು ಸಿಗುತ್ತೆ ಅನ್ನೋ ಆಸೆಗೆ ಮುಂದೆ ಮುಂದೆ ಹೋಗಿ ಮುಖಕ್ಕೇ ಗುಂಡು ತಿಂದು ಕುದುರೆಯಿಂದ ಬಿದ್ದ, ದಂಡು ದಿಕ್ಕಾಪಾಲಾಗಿ ವಾಪಸ್ ಓಡಿಬಂತು.

ಆದ್ರೆ 1800ರ ಹೊತ್ತಿಗೆ ಕಥೆ ಬೇರೆ. ಧೋಂಡಿಯಾ ವಾಘ್ ಗೊತ್ತಲ್ಲ, ಚನ್ನಗಿರಿಯೋನು, ಶ್ರೀರಂಗಪಟ್ಟಣ ಬಿದ್ದ ದಿನ ಸೆರೆಮನೆಯಿಂದ ಹೊರಗೆ ಬಂದು ಸಾವಿರಾರು ಸವಾರರನ್ನ ಕಟ್ಕೊಂಡು ಎರಡು ಲೋಕಕ್ಕೂ ನಾನೇ ರಾಜ ಅಂದೋನು. ಅವನ ಹಿಂದೆ ವೆಲ್ಲೆಸ್ಲಿ ತುಂಗಭದ್ರಾ ದಾಟಿ, ಸವಣೂರು, ಡಂಬಳ, ಮಲಪ್ರಭಾ ದಂಡೆಯ ಮುನವಳ್ಳಿ ಅಂತ ತಿಂಗಳುಗಟ್ಟಲೆ ಅಲೆದ. ಅಲ್ಲಿ ನೋಡಿ ಮಜಾ ಇರೋದು. ಕುದುರೆ ದಂಡು ಮುಂದೆ ಹೋಗ್ಬೇಕು ಅಂದ್ರೆ ಹೊಟ್ಟೆಗೆ ಬೇಕಲ್ಲ, ಹಾಗಾಗಿ ವೆಲ್ಲೆಸ್ಲಿಯ ಪತ್ರಗಳ ತುಂಬಾ ಎತ್ತು, ಅಕ್ಕಿ, ಬಂಜಾರರು, ಹೊಳೆ ದಾಟೋಕೆ ಹರಿಗೋಲು, ಇವೇ. ಕುದುರೆಗಳಿಗೆ ನಮ್ಮ ಕಡೆ ಹುರುಳಿ ಬೇಯಿಸಿ ಹಾಕ್ತಿದ್ರು. ಒಂದೊಂದು ಕುದುರೆಗೂ ಮೈ ತಿಕ್ಕಿ ನೋಡ್ಕೊಳ್ಳೋಕೆ ಒಬ್ಬ ಆಳು, ಹುಲ್ಲು ಕೊಯ್ದು ತರೋಕೆ ಇನ್ನೊಬ್ಬರು, ಇವರು ದಿನಾ ಕ್ಯಾಂಪಿಂದ ಆಚೆ ಹೋಗಿ ಹುಲ್ಲನ್ನ ಬೇರು ಸಮೇತ ಕೆತ್ತಿ, ಮಣ್ಣು ಒದರಿ, ತಲೆ ಮೇಲೆ ಹೊತ್ಕೊಂಡು ಬರ್ಬೇಕು, ಶತ್ರು ಸವಾರರು ಮೊದಲು ಬೀಳ್ತಿದ್ದೂ ಇವರ ಮೇಲೇನೇ. ಐನೂರು ಸವಾರರ ರೆಜಿಮೆಂಟು ಅಂತ ಪುಸ್ತಕದಲ್ಲಿ ಬರೆದಿದ್ರೆ ಅದರ ಹಿಂದೆ ಸಾವಿರ ಜನ ನಮ್ಮೂರೋರೇ ನಡೀತಿದ್ರು ಅಂತ ಓದ್ಕೋಬೇಕು.

ಸೆಪ್ಟೆಂಬರ್ 10, 1800. ರಾಯಚೂರು ಸೀಮೆಯ ಕೋನಗಲ್. ಧೋಂಡಿಯಾನ ಹತ್ರ ಸುಮಾರು ಐದು ಸಾವಿರ ಕುದುರೆ. ವೆಲ್ಲೆಸ್ಲಿ ಕಾಲಾಳುಗಳನ್ನ ಹಿಂದೆ ಬಿಟ್ಟು ನಾಕೇ ನಾಕು ಕ್ಯಾವಲ್ರಿ ರೆಜಿಮೆಂಟ್ ತಗೊಂಡು ಹೋಗಿದ್ದ, 19 ಮತ್ತು 25ನೇ ಲೈಟ್ ಡ್ರಗೂನ್ಸ್, ಜೊತೆಗೆ ಮದ್ರಾಸ್ ಕ್ಯಾವಲ್ರಿಯ ಎರಡು ದೇಶಿ ರೆಜಿಮೆಂಟು. ಆ ಕಡೆಯೋರು ಅಗಲವಾಗಿ ಹರಡಿ ನಿಂತಿದ್ರು, ಅದಕ್ಕೆ ಇವನೂ ನಾಕನ್ನೂ ಒಂದೇ ಸಾಲಲ್ಲಿ ನಿಲ್ಲಿಸಿ ತಾನೇ ಮುಂದೆ ನಿಂತು ನುಗ್ಗಿದ. ರಿಸರ್ವ್ ಇಲ್ಲದೆ! ಮುಂದೆ ಸ್ಪೇನಲ್ಲಿ ಯಾವುದಕ್ಕೆ ಬೈದನೋ ಅದನ್ನ ಇಲ್ಲಿ ತಾನೇ ಮಾಡಿದ್ದ ಅಂತ ನೀವು ಕೇಳಬಹುದು. ವ್ಯತ್ಯಾಸ ಏನಂದ್ರೆ ಇಲ್ಲಿ ವಾರಗಟ್ಟಲೆ ಹಿಂದೆ ಬಿದ್ದು, ಶತ್ರು ಎಲ್ಲಿದಾನೆ ಎಷ್ಟು ಸುಸ್ತಾಗಿದಾನೆ ಅಂತ ತಿಳ್ಕೊಂಡು, ಕುದುರೆಗಳಿಗೆ ಮೇವು ನೀರು ಕೊಟ್ಟು ಆಮೇಲೆ ನುಗ್ಗಿದ್ದು. ಧೋಂಡಿಯಾ ಅಲ್ಲೇ ಸತ್ತ, ಅವನ ಹೆಣನ 19ನೇ ರೆಜಿಮೆಂಟಿನ ಫಿರಂಗಿ ಗಾಡಿ ಮೇಲೆ ಕಟ್ಟಿ ಕ್ಯಾಂಪಿಗೆ ತಂದ್ರು. ಅವನ ಚಿಕ್ಕ ಮಗ ಸಲಾಬತ್ ಖಾನ್ ಸಾಮಾನುಗಳ ಮಧ್ಯೆ ಸಿಕ್ಕಿದ, ಅವನನ್ನ ವೆಲ್ಲೆಸ್ಲಿಯೇ ಸಾಕಿಸಿದ. ಮೂರು ವರ್ಷ ಆದ್ಮೇಲೆ ಮರಾಠರ ಎದುರು ಅಸಾಯೆ ಯುದ್ಧದಲ್ಲಿ ಇದೇ 19ನೇ ರೆಜಿಮೆಂಟ್ ಮತ್ತೆ ನುಗ್ತು, ಅವರ ಬ್ಯಾಡ್ಜ್ ಮೇಲೆ ಆನೆ ಬಂದಿದ್ದು ಅದಕ್ಕೇ.

ಈಗ ಇನ್ನೊಬ್ಬ ವ್ಯಕ್ತಿ, ಲೂಯಿಸ್ ನೋಲನ್. ಆ ದರ್ಜಿಗಳ 15ನೇ ರೆಜಿಮೆಂಟು ಅಂದೆನಲ್ಲ, ಅದು ಹುಸಾರ್ಸ್ ಆಗಿ 1840ರ ದಶಕದಲ್ಲಿ ಬೆಂಗಳೂರು ದಂಡಿನಲ್ಲಿತ್ತು, ನೋಲನ್ ಅದರಲ್ಲಿ ಆಫೀಸರ್. ಕುದುರೆ ಪಳಗಿಸೋದ್ರಲ್ಲಿ ಎತ್ತಿದ ಕೈ, ಅದರ ಬಗ್ಗೆ ಪುಸ್ತಕವನ್ನೇ ಬರೆದ. 1853ರಲ್ಲಿ ಬರೆದ ಇನ್ನೊಂದು ಪುಸ್ತಕದಲ್ಲಿ ಒಂದು ಪ್ರಸಂಗ ಇದೆ. ನಿಜಾಮನ ಕುದುರೆ ಸವಾರರು ಒಂದು ಕಾಳಗದಲ್ಲಿ ಮಾಡಿದ್ದ ಗಾಯಗಳ ವರದಿ ನೋಡ್ತಾನೆ, ಕೈ ಕಾಲು ರುಂಡ ಒಂದೇ ಏಟಿಗೆ ಹೋಗಿವೆ. ಇದು ಯಾವ ಕತ್ತಿನಪ್ಪಾ ಅಂತ ಹೋಗಿ ವಿಚಾರಿಸಿದ್ರೆ, ಇಂಗ್ಲಿಷ್ ಡ್ರಗೂನುಗಳು ಹಳೇದಾಯ್ತು ಅಂತ ಬಿಸಾಕಿದ್ದ ಕತ್ತಿಗಳೇ! ಹಿಡಿ ಬದಲಾಯಿಸಿ, ಕ್ಷೌರದ ಕತ್ತಿ ಥರ ಸಾಣೆ ಹಿಡಿದು, ಮರದ ಒರೆಯಲ್ಲಿ ಇಟ್ಕೊಂಡಿದ್ರು, ಜಗಳದ ದಿನ ಬಿಟ್ರೆ ಹೊರಗೆ ತೆಗೀತಿರ್ಲಿಲ್ಲ. ಇಂಗ್ಲಿಷರದ್ದು ಕಬ್ಬಿಣದ ಒರೆ, ದಿನಾ ಪರೇಡಿಗೆ ಸರ್ ಅಂತ ಎಳೆದು ಎಳೆದು ಅಲಗು ಮೊಂಡಾಗಿರ್ತಿತ್ತು. ಹೆಂಗೆ ಹೊಡೀಬೇಕು ಅಂತ ಏನು ಕಲಿಸ್ತೀರಿ ಅಂದ್ರೆ, ಕಲಿಸೋದೇನು, ಹರಿತ ಇದ್ರೆ ಯಾರ ಕೈಯಲ್ಲಾದ್ರೂ ಕುಯ್ಯುತ್ತೆ ಅಂದ್ರಂತೆ ಅವರು.

ಇಷ್ಟೆಲ್ಲ ಗೊತ್ತಿದ್ದ ನೋಲನ್, 1854ರ ಅಕ್ಟೋಬರ್ 25ಕ್ಕೆ ರಷ್ಯನ್ನರ ಜೊತೆ ಯುದ್ಧ ನಡೀತಿದ್ದ ಕ್ರೈಮಿಯಾದ ಬಾಲಕ್ಲಾವಾದಲ್ಲಿ ಗುಡ್ಡದ ಮೇಲಿಂದ ಜನರಲ್ ರಾಗ್ಲನ್ ಕೊಟ್ಟ ಚೀಟಿ ಹಿಡ್ಕೊಂಡು ಕೆಳಗೆ ಬಂದ. ಶತ್ರು ಫಿರಂಗಿ ಸಾಗಿಸ್ತಿದಾನೆ, ತಡೀರಿ ಅಂತ ಚೀಟಿ. ಮೇಲಿನೋನಿಗೆ ಕಾಣ್ತಿದ್ದ ಫಿರಂಗಿ ಬೇರೆ, ಕೆಳಗಿದ್ದ ಕ್ಯಾವಲ್ರಿ ಮುಖ್ಯಸ್ಥ ಲಾರ್ಡ್ ಲೂಕನ್‌ಗೆ ಕಾಣೋ ಫಿರಂಗಿ ಬೇರೆ. ಯಾವ ಫಿರಂಗಿ ಅಂತ ಕೇಳಿದ್ರೆ ನೋಲನ್ ಸಿಟ್ಟಲ್ಲಿ ಕೈ ಬೀಸಿ ತೋರಿಸಿದ, ಅದು ಕಣಿವೆ ಕಡೆ ಹೋಯ್ತೋ ಎಲ್ಲಿ ಹೋಯ್ತೋ, ಇವತ್ತಿಗೂ ವಾದ ನಡೀತಾನೇ ಇದೆ. ಲೂಕನ್ನೂ ಅವನ ಕೈಕೆಳಗೆ ಲೈಟ್ ಬ್ರಿಗೇಡ್ ನಡೆಸ್ತಿದ್ದ ಕಾರ್ಡಿಗನ್ನೂ ಭಾವ-ಭಾಮೈದ, ಒಬ್ಬರ ಮುಖ ಒಬ್ಬರಿಗೆ ಆಗ್ತಿರ್ಲಿಲ್ಲ, ಕೂತು ಮಾತಾಡಿ ಬಗೆಹರಿಸ್ಕೊಳ್ಳೋ ಜನ ಅಲ್ಲ. ಆಗೆಲ್ಲ ಹುದ್ದೆ ದುಡ್ಡಿಗೆ ಸಿಗ್ತಿತ್ತು, ಕ್ಯಾವಲ್ರಿ ಲೆಫ್ಟಿನೆಂಟ್ ಕರ್ನಲ್ ಪೋಸ್ಟಿಗೆ ಸರ್ಕಾರಿ ರೇಟೇ 6,175 ಪೌಂಡು, ಕಾರ್ಡಿಗನ್ ಅದಕ್ಕಿಂತ ಎಷ್ಟೋ ಪಟ್ಟು ಸುರಿದು ಬಂದೋನು. ಇಂಡಿಯಾದಲ್ಲಿ ವರ್ಷಗಟ್ಟಲೆ ಕೆಲಸ ಮಾಡಿ ಬಂದ ಆಫೀಸರುಗಳನ್ನ ಕಂಡ್ರೇ ಅವನಿಗೆ ತಾತ್ಸಾರ. ಸುಮಾರು 670 ಸವಾರರು ಮೂರು ಕಡೆ ಫಿರಂಗಿ ಇರೋ ಕಣಿವೆಗೆ ಇಳಿದ್ರು, ಮೊದಲು ಸತ್ತೋರಲ್ಲಿ ನೋಲನ್ ಒಬ್ಬ. ಸುಮಾರು 110 ಜನ ಸತ್ರು, ಕುದುರೆಗಳು ಮುನ್ನೂರೈವತ್ತಕ್ಕೂ ಮೇಲೆ ಹೋದ್ವು.

ಇದು ಎಲ್ರಿಗೂ ಗೊತ್ತಿರೋ ಭಾಗ. ಆಮೇಲೆ ಏನಾಯ್ತು ಅಂತ ಕೇಳಿ. ಉಳಿದ ಕುದುರೆಗಳನ್ನ ಆ ಚಳಿಗಾಲ ಗುಡ್ಡದ ಮೇಲೆ ಬಯಲಲ್ಲಿ ಕಟ್ಟಿದ್ರು. ಕೆಲವೇ ಮೈಲಿ ಕೆಳಗೆ ಬಂದರು, ಹಡಗಲ್ಲಿ ಮೇವು ಬರ್ತಿತ್ತು, ಆದ್ರೆ ದಾರಿಯೆಲ್ಲ ಮೊಣಕಾಲುದ್ದ ಕೆಸರು, ಮೇಲೆ ಸಾಗಿಸೋ ವ್ಯವಸ್ಥೆ ಇಲ್ಲ. ಕೆಳಗೆ ಹೋಗಿ ತರೋಣ ಅಂದ್ರೆ ಕುದುರೆಗಳನ್ನ ಕಳಿಸೋಕೆ ಕಾರ್ಡಿಗನ್ ಒಪ್ಲಿಲ್ಲ, ಶತ್ರು ಬಂದ್ರೆ ರೆಡಿ ಇರ್ಬೇಕಂತೆ. ಹಸಿವು ತಡೀಲಾರದೆ ಕುದುರೆಗಳು ಪಕ್ಕದ ಕುದುರೆಯ ಬಾಲ, ಜೂಲು ಕಿತ್ತು ತಿಂದ್ವು, ಒಂದೊಂದಾಗಿ ಕೆಸರಲ್ಲೇ ಬಿದ್ವು. ರಷ್ಯನ್ನರ ಫಿರಂಗಿ ಬಿಟ್ಟದ್ದನ್ನ ಇವರ ಆಡಳಿತ ಮುಗಿಸ್ತು. ನನ್ನ ಕೇಳಿದ್ರೆ ಬಾಲಕ್ಲಾವಾದ ನಿಜವಾದ ನಾಚಿಕೆಗೇಡು ಇದು, ಆ ಕಣಿವೆಯದ್ದಲ್ಲ. ಹುದ್ದೆ ಮಾರೋದು ನಿಂತಿದ್ದು 1871ಕ್ಕೆ.

ಚರ್ಚಿಲ್ ಬಗ್ಗೆ ಹೇಳದೆ ಬೆಂಗಳೂರಲ್ಲಿ ಈ ಟಾಪಿಕ್ ಮುಗಿಸಿದ್ರೆ ನೀವು ಬಿಡಲ್ಲ. 1896ರಲ್ಲಿ 4ನೇ ಹುಸಾರ್ಸ್ ಜೊತೆ ಬಂದ, ಬೆಂಗಳೂರು ಕ್ಲಬ್ಬಿಗೆ ಅವನು ಉಳಿಸಿದ 13 ರೂಪಾಯಿ ಬಾಕಿ ಕಥೆ ಎಲ್ರಿಗೂ ಗೊತ್ತು, ಅದನ್ನ ಬಿಡಿ. ಬಾಂಬೆಯಲ್ಲಿ ದೋಣಿಯಿಂದ ಇಳಿಯೋವಾಗ ಭುಜದ ಕೀಲು ತಪ್ಪಿತ್ತು, ಇಲ್ಲಿ ತೋಳಿಗೆ ಪಟ್ಟಿ ಬಿಗಿದೇ ಪೋಲೋ ಆಡ್ತಿದ್ದ. 1898ರ ಸೆಪ್ಟೆಂಬರಲ್ಲಿ ಸುಡಾನಿನ ಓಂದುರ್ಮಾನಲ್ಲಿ 21ನೇ ಲ್ಯಾನ್ಸರ್ಸ್ ಜೊತೆ ನುಗ್ಗುವಾಗ ಅದೇ ಭುಜ ನೆನಪಾಗಿ ಕತ್ತಿ ಬಿಟ್ಟು ಮೌಸರ್ ಪಿಸ್ತೂಲು ಹಿಡಿದ. ಸುಮಾರು 400 ಜನ, ಎದುರಿಗೆ ನೂರಿನ್ನೂರು ಜನ ಅಂದ್ಕೊಂಡು ಹೋದ್ರೆ ಹಳ್ಳದೊಳಗೆ ಸಾವಿರಾರು ಜನ ಬಚ್ಚಿಟ್ಕೊಂಡಿದ್ರು. ಎರಡು ಮೂರು ನಿಮಿಷದಲ್ಲಿ ಬ್ರಿಟಿಷರ 21 ಜನ ಸತ್ರು, 119 ಕುದುರೆ ಹೋದ್ವು. ಮೂರು ವಿಕ್ಟೋರಿಯಾ ಕ್ರಾಸ್ ಶೌರ್ಯ ಪದಕ ಬಂತು, ಪೇಪರಿನೋರು ಹಾಡಿ ಹೊಗಳಿದ್ರು. ತಲವೇರಾದ ಕಂದರಕ್ಕೂ ಈ ಹಳ್ಳಕ್ಕೂ ಮಧ್ಯೆ 89 ವರ್ಷ.

ಅಲ್ಲಿಂದ ಮುಂದೆ ಬೇಗ ಹೇಳ್ತೀನಿ, ಟೈಮಾಯ್ತು. ದಕ್ಷಿಣ ಆಫ್ರಿಕಾದ ಬೋಯರ್ ಯುದ್ಧದಲ್ಲಿ ಬ್ರಿಟಿಷರ ಕಡೆ ಮೂರು ಲಕ್ಷಕ್ಕೂ ಹೆಚ್ಚು ಕುದುರೆ ಸತ್ವು, ಬಹುಪಾಲು ಗುಂಡಿಗಲ್ಲ, ಹಡಗಿಂದ ಇಳಿಸಿ ಸುಧಾರಿಸ್ಕೊಳ್ಳೋಕೂ ಬಿಡದೆ ಓಡಿಸಿದ್ದಕ್ಕೆ. 1928ರಲ್ಲಿ 11ನೇ ಹುಸಾರ್ಸ್, 12ನೇ ಲ್ಯಾನ್ಸರ್ಸ್ ಇಬ್ಬರ ಕುದುರೆಗಳನ್ನೂ ತೆಗೆದು ಆರ್ಮರ್ಡ್ ಕಾರ್ ಕೊಟ್ರು. 1940ರಲ್ಲಿ ಈಜಿಪ್ಟ್ ಗಡಿಯ ಮರುಭೂಮಿಯಲ್ಲಿ 11ನೇ ಹುಸಾರ್ಸ್ ಕಾರಲ್ಲಿ ಮುಂದೆ ಹೋಗಿ ಇಟಲಿಯೋರು ಎಲ್ಲಿದಾರೆ ನೋಡಿ ವೈರ್‌ಲೆಸ್ಸಲ್ಲಿ ಸುದ್ದಿ ಕಳಿಸ್ತಿದ್ರು, ಅಂದ್ರೆ ಸ್ಪೇನಿನ ದಿಬ್ಬದ ಮೇಲೆ ಆ ವಿಡೆಟ್ ಮಾಡ್ತಿದ್ದ ಕೆಲಸಾನೇ.

ಮೈಸೂರು ಲ್ಯಾನ್ಸರ್ಸ್ ಬಗ್ಗೆ, ಅವರು ಹೋರಾಡಿದ 1918ರ ಹೈಫಾ ಯುದ್ಧದ ಬಗ್ಗೆ ಕೇಳ್ತೀರಾ ಅಂತ ಗೊತ್ತು. ಅದು ಬ್ರಿಟಿಷ್ ರೆಜಿಮೆಂಟಲ್ಲ, ನಮ್ಮ ಮಹಾರಾಜರ ದಂಡು, ಅದಕ್ಕೇ ಬೇಕಂತಲೇ ಒಳಗೆ ತರಲಿಲ್ಲ, ಒಂದು ಪೂರ್ತಿ ಸಂಜೆ ಬೇಕು ಅದಕ್ಕೆ. ಉಳಿದಿದ್ದು ಏನಿದ್ರೂ ಈಗ ಕೇಳಿ, ಮೈಕ್ ಆ ಕಡೆ ಕೊಡ್ರಪ್ಪಾ.