ಮೌನದ ಕಡತ

ಕೇಳುಗರಿಗೆ ನಮಸ್ಕಾರ.

ಇವತ್ತು ನಾನು ಮಾತನಾಡಲಿರುವುದು ಎಲ್ಲೂ ಇಲ್ಲದ ಒಂದು ಪುಸ್ತಕದ ಬಗ್ಗೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಕೋಲಾರದಲ್ಲಿ ರಸವಿದ್ಯೆಯ ಹಳೆಯ ಗ್ರಂಥ ಸಿಕ್ಕಿತಂತೆ ಎಂದು ಅರ್ಧಂಬರ್ಧ ಕೇಳಿಸಿಕೊಂಡವರು ನಾಳೆ ಬೆಳಗಾಗುವಷ್ಟರಲ್ಲಿ ಗುದ್ದಲಿ ಹಿಡಿದು ಅಂತರಗಂಗೆಯ ಬೆಟ್ಟ ಹತ್ತಿಯಾರು! ಗ್ರಂಥ ನನ್ನ ಕಲ್ಪನೆಯದು. ಅದರಲ್ಲಿರುವುದು ಚಿನ್ನ ಮಾಡುವ ವಿಧಾನವೂ ಅಲ್ಲ, ಮೌನ ಮಾಡುವ ವಿಧಾನ.

ಹಳೆಯ ಗ್ರಂಥ ಎಂದೊಡನೆ ತಾಳೆಗರಿ ನೆನಪಾಗುತ್ತದೆ. ನನಗೆ ಮಾತ್ರ ಇದು ಕಡತವಾಗಿಯೇ ಕಾಣುತ್ತದೆ. ಕಡತವೆಂದರೆ ಈಗ ಕಚೇರಿಯ ಫೈಲು, ಮೇಜಿನಿಂದ ಮೇಜಿಗೆ ಹೋಗಲು ವರ್ಷ ಹಿಡಿಯುವಂಥದ್ದು. ಹಿಂದೆ ಅದು ಬಟ್ಟೆಯ ಪುಸ್ತಕ. ಹುಣಸೆಬೀಜದ ಅಂಟಿಗೆ ಇದ್ದಿಲ ಪುಡಿ ಕಲಸಿ, ಬಟ್ಟೆಗೆ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ ಇಡುತ್ತಿದ್ದರು. ಶೃಂಗೇರಿ ಮಠದ ಹಳೆಯ ದಾಖಲೆಗಳು ಇಂಥ ಕಡತಗಳಲ್ಲಿಯೇ ಉಳಿದುಬಂದಿವೆ. ತಾಳೆಗರಿಯ ಮೇಲೆ ಕಂಟದಿಂದ ಕೊರೆದದ್ದು ಕೊರೆದದ್ದೇ; ಕಡತದ ಮೇಲೆ ಬಳಪದಿಂದ ಬರೆದದ್ದನ್ನು ಒರೆಸಿ ಮತ್ತೆ ಬರೆಯಬಹುದು. ಮೌನದ ಬಗ್ಗೆ ಬರೆಯಹೊರಟವನಿಗೆ ಒರೆಸುವ ಅವಕಾಶ ಬೇಡವೇ? ನಮ್ಮ ಸೀಮೆಯಲ್ಲಿ ಹುಣಸೆಮರಗಳಿಗಂತೂ ಬರವಿಲ್ಲ.

ಇನ್ನು ರಸವಿದ್ಯೆ. ಇಲ್ಲಿ ರಸವೆಂದರೆ ಪಾದರಸ. ನೀರಿಗಿಂತ 13.6 ಪಟ್ಟು ಭಾರ, ಆದರೂ ಅಂಗೈಯಲ್ಲಿ ಒಂದು ಗಳಿಗೆ ನಿಲ್ಲದು. ಈ ಚಪಲ ವಸ್ತುವನ್ನು ಕಟ್ಟಿಹಾಕುವುದೇ ರಸಸಿದ್ಧರ ಹಟ. ಅದಕ್ಕೆ 18 ಸಂಸ್ಕಾರಗಳನ್ನು ಹೇಳಿದ್ದಾರೆ: ಗಂಟು ಕಟ್ಟಿ ಡೋಲಾಯಂತ್ರದಲ್ಲಿ ತೂಗುಬಿಟ್ಟು ಬೇಯಿಸುವುದು, ಕಲ್ವ ಎಂಬ ಒರಳಿನಲ್ಲಿ ಅರೆಯುವುದು, ಬಾಯಿಗೆ ಬಾಯಿ ಸೇರಿಸಿ ಮಣ್ಣುಬಟ್ಟೆ ಸುತ್ತಿದ ಎರಡು ಮಡಕೆಗಳಲ್ಲಿ ಆವಿಯಾಗಿಸಿ ಇಳಿಸುವುದು, ಹೀಗೆ. ಚಿನ್ನದ ಆಸೆಯೊಂದೇ ಇದರ ಹಿಂದೆ ಇತ್ತೆಂದು ತಿಳಿಯಬೇಡಿ. 14ನೆಯ ಶತಮಾನದಲ್ಲಿ ಮಾಧವ ಬರೆದ ಸರ್ವದರ್ಶನಸಂಗ್ರಹದಲ್ಲಿ ರಸೇಶ್ವರ ದರ್ಶನಕ್ಕೆ ಒಂದು ಅಧ್ಯಾಯವೇ ಇದೆ. ದೇಹವನ್ನು ಗಟ್ಟಿ ಮಾಡಿಕೊಂಡು ಬದುಕಿರುವಾಗಲೇ ಮುಕ್ತಿ ಪಡೆಯುವುದು ಆ ದರ್ಶನದವರ ಗುರಿ.

ಈ ಕೆಲಸದಲ್ಲಿ ನನ್ನ ಮನಸ್ಸು ಹಿಡಿದದ್ದು ಕಜ್ಜಳಿ. ಪಾದರಸವನ್ನೂ ಗಂಧಕವನ್ನೂ ಕಲ್ವಕ್ಕೆ ಹಾಕಿ ಅರೆಯುತ್ತಾರೆ. ಗಂಟೆಗಟ್ಟಲೆ ಅರೆಯಬೇಕು. ಬೆಳ್ಳಿಯಂತೆ ಹೊಳೆಯುತ್ತ ಓಡುತ್ತಿದ್ದದ್ದು ಸಣ್ಣ ಸಣ್ಣ ಮಣಿಯಾಗಿ, ಮಣಿ ಪುಡಿಯಾಗಿ, ಕೊನೆಗೆ ಕಾಡಿಗೆಯಂತೆ ಕಪ್ಪಗೆ, ನುಣ್ಣಗೆ ಸುಮ್ಮನಾಗುತ್ತದೆ. ಆಯಿತೋ ಇಲ್ಲವೋ ತಿಳಿಯಲು ಚಿಟಿಕೆ ಪುಡಿಯನ್ನು ನೀರಿನೊಂದಿಗೆ ಬೆರಳಲ್ಲಿ ಉಜ್ಜಿ ಬಿಸಿಲಿಗೆ ಹಿಡಿಯುತ್ತಾರೆ. ಒಂದು ಕಣ ಹೊಳೆದರೂ ಮತ್ತೆ ಅರೆಯಬೇಕು. ಹೊಳಪು ಪೂರ್ತಿ ಅಡಗಿದ ಸ್ಥಿತಿಗೆ ನಿಶ್ಚಂದ್ರ ಎಂದು ಹೆಸರು. ಚಂದ್ರನಿಲ್ಲದ್ದು! ಕಲ್ವದ ಮುಂದೆ ಕೂತವನಿಗೆ ಎಂಥ ಪದ ಹೊಳೆದಿದೆ ನೋಡಿ.

ನನ್ನ ಕಡತದವನು ಹೇಳುವುದೂ ಇದನ್ನೇ. ಮಾತು ಪಾದರಸ, ಕೇಳುವುದು ಗಂಧಕ. ಮಾತನ್ನು ಬಾಯೊಳಗೆ ಇಟ್ಟು ಬೀಗ ಹಾಕಿದರೆ ಅದು ಒಳಗೇ ಓಡಾಡುತ್ತದೆ. ಕೇಳುವುದರ ಜೊತೆ ಅರೆದರೆ ಮಾತ್ರ ಕಪ್ಪಾಗುತ್ತದೆ. ಮೌನವ್ರತವೆಂದು ಸಾರಿ, ಕಾಫಿಗೆ ಸಕ್ಕರೆ ಕಡಿಮೆಯಾಯಿತೆಂದು ಮನೆಮಂದಿಗೆಲ್ಲ ಕೈಸನ್ನೆ ಮಾಡುತ್ತ ಕೂರುವವರನ್ನು ನಾನು ಕಂಡಿದ್ದೇನೆ. ಅವರನ್ನು ಬಿಸಿಲಿಗೆ ಹಿಡಿದರೆ ಚಂದ್ರನೇನು, ಇಡೀ ನಕ್ಷತ್ರಮಂಡಲವೇ ಕಂಡೀತು. (ಪಾದರಸದ ಆವಿ ವಿಷ. ಮೊದಲನೆಯ ಕಜ್ಜಳಿಯನ್ನು ಯಾರೂ ಮನೆಯಲ್ಲಿ ಪ್ರಯತ್ನಿಸಬೇಡಿ, ಎರಡನೆಯದಕ್ಕೆ ಅಡ್ಡಿಯಿಲ್ಲ.) ಕಜ್ಜಳಿಯಲ್ಲಿ ಪಾದರಸ ಸತ್ತಿಲ್ಲ ಎಂಬುದನ್ನೂ ಮರೆಯಬಾರದು. ಗಾಜಿನ ಕುಪ್ಪಿಗೆ ತುಂಬಿ ಮರಳಿನ ಬಿಸಿಯಲ್ಲಿ ಇಟ್ಟರೆ ಅದೇ ಕರಿಪುಡಿ ಕೆಂಪು ರಸಸಿಂಧೂರವಾಗಿ ಕುಪ್ಪಿಯ ಕೊರಳಿಗೆ ಏರಿ ಕೂರುತ್ತದೆ.

ಇಷ್ಟನ್ನು ಕಲ್ಪಿಸಿಕೊಳ್ಳಲು ನನಗೆ ಸಿದ್ಧರ ಗವಿ ಬೇಕಾಗಲಿಲ್ಲ. ನನ್ನ ಸೋದರಮಾವ ಕೋಲಾರದ ಚಿನ್ನದ ಗಣಿಯಲ್ಲಿ ಕೆಲಸಕ್ಕಿದ್ದರು. ಪಾದರಸದಿಂದ ಚಿನ್ನ ಎಂಬ ಸಿದ್ಧರ ಕನಸು ಅಲ್ಲಿ ಬೇರೊಂದು ಬಗೆಯಲ್ಲಿ ನಿಜವಾಗಿತ್ತು. ಹಿಂದಿನ ಕಾಲದಲ್ಲಿ ಕುಟ್ಟಿದ ಅದಿರನ್ನು ನೀರಿನೊಡನೆ ಪಾದರಸ ಬಳಿದ ತಾಮ್ರದ ತಗಡುಗಳ ಮೇಲೆ ಹರಿಸುತ್ತಿದ್ದರು. ಚಿನ್ನದ ಕಣಗಳು ಪಾದರಸಕ್ಕೆ ಅಂಟಿಕೊಳ್ಳುತ್ತಿದ್ದವು. ಕೆರೆದು ತೆಗೆದು ಕಾಯಿಸಿದರೆ ಪಾದರಸ ಹಾರಿ ಚಿನ್ನ ಉಳಿಯುತ್ತಿತ್ತು.

ಮಾವ ಇಳಿಯುತ್ತಿದ್ದದ್ದು ಅದಕ್ಕೂ ಮೊದಲಿನ ಜಾಗಕ್ಕೆ, ಭೂಮಿಯೊಳಕ್ಕೆ. ಅಲ್ಲಿನ ಗಣಿ ಮೂರು ಕಿಲೋಮೀಟರಿಗಿಂತ ಆಳ. ಅಷ್ಟು ಕೆಳಗೆ ಬಂಡೆಯ ಮೇಲಿನ ಒತ್ತಡ ಹೆಚ್ಚಿ ಅದು ಇದ್ದಕ್ಕಿದ್ದಂತೆ ಸಿಡಿಯುತ್ತದೆ. ಹಾಗಾಗಿ ಬಂಡೆಯ ಚಿಟಪಟಕ್ಕೆ ಕಿವಿಗೊಡುವುದು ಅವರಿಗೆ ಉಸಿರಾಟದಷ್ಟೇ ಅಭ್ಯಾಸವಾಗಿತ್ತು. ಮನೆಯಲ್ಲೂ ಅದು ಬಿಡಲಿಲ್ಲ. ರಸ್ತೆಯಲ್ಲಿ ಲಾರಿ ಹೋಗಿ ಪಾತ್ರೆ ಅಲುಗಿದರೆ ಮುದ್ದೆಯ ತುತ್ತು ಹಿಡಿದ ಕೈ ಹಾಗೇ ನಿಲ್ಲುತ್ತಿತ್ತು. ನಾವು ಮಕ್ಕಳು ಏನಾದರೂ ದೂರು ತಂದರೆ ಕೊನೆಯ ಪದದವರೆಗೂ ಕೇಳಿ, ಸ್ವಲ್ಪ ಹೊತ್ತು ಬಿಟ್ಟು, ಒಂದೇ ಮಾತು ಆಡುತ್ತಿದ್ದರು. ಕೆಲವೊಮ್ಮೆ ಅದನ್ನೂ ಆಡುತ್ತಿರಲಿಲ್ಲ. ದೂರು ಮಾತ್ರ ಅಲ್ಲಿಗೆ ಮುಗಿದಿರುತ್ತಿತ್ತು.

2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಹಗಲೂ ರಾತ್ರಿ ಅದಿರು ಅರೆಯುತ್ತಿದ್ದ ಗಿರಣಿಯ ಗುಡುಗುಡು ನಿಂತಿತು. ಆ ಸದ್ದಿನಲ್ಲೇ ಮಲಗಿ ಎದ್ದ ಮಾವನಿಗೆ ನಿದ್ದೆ ಹೋಯಿತು. ಸುಮ್ಮನಿರುವುದರಲ್ಲಿ ಪಳಗಿದ ಮನುಷ್ಯನಿಗೆ ಹೊರಗಿನ ನಿಶ್ಶಬ್ದ ತಡೆಯದೆ ಹೋದದ್ದು ಹೇಗೆ ಎಂದು ನಾನು ಬಹಳ ಯೋಚಿಸಿದ್ದೇನೆ. ಅರೆಯದೆ ಸುರಿದ ಪಾದರಸ ಅದು, ಅಷ್ಟೇ ಇರಬೇಕು. ಕಿವಿಗೊಡಲು ಅಲ್ಲಿ ಏನೂ ಇರಲಿಲ್ಲ.

ಕೊನೆಗೆ ಅವರೇ ಒಂದು ಉಪಾಯ ಕಂಡುಕೊಂಡರು. ತಲೆದಿಂಬಿನ ಪಕ್ಕ ರೇಡಿಯೋ ಇಟ್ಟುಕೊಂಡರು. ರಾತ್ರಿ ಪ್ರಸಾರ ಮುಗಿದು, ಕೇಂದ್ರದವರು ಶುಭರಾತ್ರಿ ಹೇಳಿ ಹೋದ ಮೇಲೂ ಅದನ್ನು ಆರಿಸುತ್ತಿರಲಿಲ್ಲ. ಗೊರ್ ಎನ್ನುವ ಆ ಸದ್ದನ್ನು ಕೇಳುತ್ತ ನಿದ್ದೆ ಹೋಗುತ್ತಿದ್ದರು. ಅತ್ತೆ ಎದ್ದು ಮೆಲ್ಲಗೆ ಗುಂಡಿ ತಿರುಗಿಸಿದರೆ, ಅಷ್ಟಕ್ಕೇ ಎಚ್ಚರವಾಗಿ, "ಇರಲಿ ಬಿಡು, ಕೇಳುತ್ತಿದ್ದೇನೆ" ಎನ್ನುತ್ತಿದ್ದರು.

ನಮಸ್ಕಾರ.