ಹಲ್ಲು ನೆಟ್ಟಗಿದೆ, ಆದರೆ ಕೂರುತ್ತಿಲ್ಲ

ಎಲ್ಲರಿಗೂ ನಮಸ್ಕಾರ. ಶುರು ಮಾಡುವ ಮೊದಲು ಒಂದು ಸಣ್ಣ ಕೆಲಸ. ಎಲ್ಲರೂ ಬಾಯಿ ಮುಚ್ಚಿ.

ನಗಬೇಡಿ, ಬೈದದ್ದಲ್ಲ. ತುಟಿ ಸೇರಿಸಿ ಆರಾಮಾಗಿ ಕೂತುಕೊಳ್ಳಿ. ಈಗ ಮೇಲಿನ ಹಲ್ಲು ಕೆಳಗಿನ ಹಲ್ಲಿಗೆ ತಾಗುತ್ತಿದೆಯಾ, ನೋಡಿಕೊಳ್ಳಿ. ತಾಗಿರಬಾರದು. ಸುಮ್ಮನಿರುವಾಗ ಎರಡರ ನಡುವೆ ಎರಡು ಮೂರು ಮಿಲಿಮೀಟರ್ ಜಾಗ ಇರುತ್ತದೆ. ತಾಗಿದ್ದರೆ ಏನೋ ಯೋಚನೆಯಲ್ಲಿ ಹಲ್ಲು ಕಚ್ಚಿಕೊಂಡು ಕೂತಿದ್ದೀರಿ. ಅದು ಮನೆಯ ವಿಷಯ, ನಾನು ಕೇಳುವುದಿಲ್ಲ. ಈಗ ಉಗುಳು ನುಂಗಿ. ಹಿಂದಿನ ಹಲ್ಲುಗಳು ಬಂದು ಒಂದರ ಮೇಲೊಂದು ಕೂತವು, ಅಲ್ವಾ? ಆ ಕೂರುವುದಕ್ಕೆ ನಮ್ಮ ಕಸುಬಿನಲ್ಲಿ ಅಕ್ಲೂಷನ್ ಅನ್ನುತ್ತಾರೆ. ಅದು ಸರಿಯಾಗಿ ಆಗದಿದ್ದರೆ ಮಾಲ್‌ಅಕ್ಲೂಷನ್. ಇವತ್ತಿನ ನನ್ನ ಪದ ಅದೇ.

ಪದ ಲ್ಯಾಟಿನ್‌ನಿಂದ ಬಂದದ್ದು. ಅಕ್ಲೂಡ್ ಅಂದರೆ ಮುಚ್ಚು. ಮಾಲ್ ಅಂದರೆ ಕೆಟ್ಟದ್ದು. ಈ ಮಾಲ್ ನಿಮಗೆ ಗೊತ್ತಿರುವುದೇ. ಮಲೇರಿಯಾದ ಮೊದಲ ತುಂಡು ಅದು. ಇಟಲಿಯವರು ಕೆಟ್ಟ ಗಾಳಿಯಿಂದ ಜ್ವರ ಬರುತ್ತದೆ ಅಂದುಕೊಂಡು ಇಟ್ಟ ಹೆಸರು. ಅಲ್ಲಿಗೆ ಮಾಲ್‌ಅಕ್ಲೂಷನ್ ಅಂದರೆ ಕೆಟ್ಟ ಮುಚ್ಚಿಕೆ. ಗಮನಿಸಿ, ಈ ಪದದೊಳಗೆ ಹಲ್ಲು ಇಲ್ಲ. ಸೊಟ್ಟ ಅನ್ನುವುದೂ ಇಲ್ಲ.

ಇನ್ನೊಂದು ತಮಾಷೆ ಇದೆ. ಇದೇ ಅಕ್ಲೂಷನ್ ಅನ್ನುವ ಪದ ಹೃದಯದ ವಾರ್ಡಿನಲ್ಲಿ ಕೇಳಿದರೆ ಎದೆ ಧಸಕ್ಕನ್ನುತ್ತದೆ. ಅಲ್ಲಿ ಅದು ರಕ್ತನಾಳ ಮುಚ್ಚಿಹೋಗುವುದು. ನಮ್ಮ ವಾರ್ಡಿನಲ್ಲಿ ಅಕ್ಲೂಷನ್ ಆರೋಗ್ಯ, ಅವರ ವಾರ್ಡಿನಲ್ಲಿ ಕಾಯಿಲೆ. ಕಟ್ಟಡ ಒಂದೇ, ಪದ ಒಂದೇ. ಮುಚ್ಚಬೇಕಾದದ್ದು ಯಾವುದು, ತೆರೆದಿರಬೇಕಾದದ್ದು ಯಾವುದು ಅನ್ನುವುದಷ್ಟೇ ಬೇರೆ.

ಈ ಪದ ಯಾಕೆ ಆರಿಸಿಕೊಂಡೆ ಅಂದರೆ, ಒಮ್ಮೆ ಇದರ ಕನ್ನಡದಿಂದ ಪೇಚಿಗೆ ಸಿಕ್ಕಿಕೊಂಡಿದ್ದೆ. ಕೆಲವು ವರ್ಷಗಳ ಹಿಂದೆ ಒಂದು ಶಾಲೆಯಲ್ಲಿ ಹಲ್ಲಿನ ತಪಾಸಣೆ ಶಿಬಿರ. ಪ್ರತಿ ಮಗುವಿಗೂ ಒಂದು ಕಾರ್ಡು. ಹುಳುಕು ಇದೆ, ಇಲ್ಲ. ವಸಡಿನ ತೊಂದರೆ ಇದೆ, ಇಲ್ಲ. ಕೆಳಗೆ ಇನ್ನೊಂದು ಸಾಲು: ವಕ್ರದಂತ ಇದೆ, ಇಲ್ಲ. ಕಾರ್ಡಿನ ಕನ್ನಡ ನನ್ನದೇ. ಮಾಲ್‌ಅಕ್ಲೂಷನ್‌ಗೆ ವಕ್ರದಂತ ಅಂತ ಬರೆದು, ಎಷ್ಟು ಚೆನ್ನಾಗಿ ಮಾಡಿದೆ ಅಂತ ಬೀಗಿದ್ದೆ.

ಎಂಟು ವರ್ಷದ ಒಬ್ಬ ಹುಡುಗ ಬಂದ. ಹಲ್ಲು ನೋಡಿದರೆ ದಾರ ಹಿಡಿದು ಜೋಡಿಸಿದ ಹಾಗಿದೆ. ಕಚ್ಚು ಅಂದೆ. ಕಚ್ಚಿದ. ಹಿಂದಿನ ಹಲ್ಲು ಸೇರಿದವು, ಮುಂದಿನವು ಸೇರಲಿಲ್ಲ. ಮೇಲಿನ ಸಾಲಿಗೂ ಕೆಳಗಿನ ಸಾಲಿಗೂ ನಡುವೆ ಒಂದು ಕಿಟಕಿ. ಕಿಟಕಿಯಿಂದ ನಾಲಿಗೆಯ ತುದಿ ಇಣುಕುತ್ತಿದೆ. ಇದಕ್ಕೆ ಓಪನ್ ಬೈಟ್ ಅನ್ನುತ್ತೇವೆ. ಅವನ ಕೈ ಹಿಡಿದು ನೋಡಿದೆ. ಬಲಗೈಯ ಹೆಬ್ಬೆರಳು ಮಾತ್ರ ತೊಳೆದಿಟ್ಟ ಹಾಗೆ ಬೆಳ್ಳಗಿತ್ತು, ಚರ್ಮ ನೆನೆದು ಸುಕ್ಕಾಗಿತ್ತು. ಉಳಿದ ಬೆರಳುಗಳ ತುಂಬ ಮಣ್ಣು, ಇಂಕು. ಬೆರಳು ಚೀಪುವ ಮಗುವನ್ನು ಬಾಯಿಗಿಂತ ಮೊದಲು ಕೈಯೇ ಹಿಡಿದುಕೊಡುತ್ತದೆ. ಕಾರ್ಡಿನಲ್ಲಿ 'ವಕ್ರದಂತ ಇದೆ' ಅಂತ ಗುರುತು ಹಾಕಿ ಕಳಿಸಿದೆ.

ಮಾರನೆಯ ದಿನ ಅವನ ತಾಯಿ ಕಾರ್ಡು ಹಿಡಿದುಕೊಂಡು ಬಂದರು. "ಏನ್ ಸಾರ್ ಇದು? ನನ್ ಮಗನ ಹಲ್ಲು ಮುತ್ತು ಪೋಣಿಸಿದಂಗದೆ. ವಕ್ರ ಅಂತ ಬರ್ದಿದೀರಲ್ಲ, ಕಣ್ಣು ಸರಿಯಾಗಿ ಕಾಣ್ತದಾ ನಿಮ್ಗೆ?"

ಅವರು ಹೇಳಿದ್ದು ಸರಿಯಾಗಿತ್ತು. ನಾನು ಬರೆದದ್ದು ತಪ್ಪು, ನೋಡಿದ್ದು ಮಾತ್ರ ಸರಿ. ಹೇಗೆ ಹೇಳುವುದು ಅಂತ ತಡಬಡಾಯಿಸಿ, "ಅಮ್ಮಾ, ಇವನು ಮಾವಿನಕಾಯಿ ಹೋಳು ಮುಂದಿನ ಹಲ್ಲಲ್ಲಿ ಕಚ್ಚುತ್ತಾನಾ?" ಅಂತ ಕೇಳಿದೆ. ಆಕೆ ಒಂದು ನಿಮಿಷ ಸುಮ್ಮನಾದರು. "ಇಲ್ಲ ಸಾರ್. ಪಕ್ಕದಾಗೆ ಇಟ್ಕೊಂಡು ಕಡೀತಾನೆ. ರೊಟ್ಟಿನೂ ಅಷ್ಟೆ, ಕೈಯಲ್ಲಿ ಹರ್ಕೊಂಡೇ ತಿಂತಾನೆ. ಶೋಕಿ ಅಂದ್ಕೊಂಡಿದ್ದೆ." ಆಮೇಲೆ ಮೆಲ್ಲಗೆ ಅಂದರು, "ಅಂಗಾದ್ರೆ ಹಲ್ಲು ನೆಟ್ಟಗದೆ, ಕೂರ್ತಿಲ್ಲ ಅನ್ನಿ."

ನಾನು ಐದು ವರ್ಷ ಓದಿ, ಮೇಲೆ ಮೂರು ವರ್ಷ ಓದಿ ಕಲಿತದ್ದನ್ನು ಆಕೆ ಒಂದೇ ಮಾತಿನಲ್ಲಿ ಹೇಳಿಬಿಟ್ಟರು.

ಬೆರಳು ಚೀಪುವುದು ಬಿಟ್ಟರೆ ಆ ವಯಸ್ಸಿನಲ್ಲಿ ಇಂಥ ಕಿಟಕಿ ಎಷ್ಟೋ ಸಲ ತಾನಾಗಿಯೇ ಮುಚ್ಚಿಕೊಳ್ಳುತ್ತದೆ. ಅವನದೂ ವರ್ಷದೊಳಗೆ ಮುಕ್ಕಾಲು ಮುಚ್ಚಿತು. ಅದಕ್ಕಿಂತ ಆ ತಾಯಿಯ ಮಾತೇ ನನ್ನ ತಲೆಯಲ್ಲಿ ಉಳಿಯಿತು.

ನಮ್ಮಲ್ಲಿ ಹಲ್ಲಿನ ಬಗ್ಗೆ ಇರುವ ಮಾತುಗಳನ್ನು ನೋಡಿ. ಸೊಟ್ಟ ಹಲ್ಲು, ಉಬ್ಬು ಹಲ್ಲು, ಹಲ್ಲಿನ ಮೇಲೆ ಹಲ್ಲು, ಹಲ್ಲು ಸಂದು. ಶಾಲೆಯಲ್ಲಿ ಯಾರಿಗಾದರೂ ಹಲ್ಲುಬ್ಬ ಅಂತ ಹೆಸರು ಬಿದ್ದರೆ ಮದುವೆಯಾಗಿ ಮಕ್ಕಳಾದರೂ ಬಿಡುವುದಿಲ್ಲ. ನನಗೂ ಆ ಹೆಸರಿತ್ತು. ಈಗ ಹೇಳಿಕೊಳ್ಳಬಹುದು, ಹದಿನೇಳನೇ ವಯಸ್ಸಿಗೆ ಕ್ಲಿಪ್ ಹಾಕಿಸಿಕೊಂಡೆ. ಪುರಾಣದಲ್ಲೂ ಒಬ್ಬನಿದ್ದಾನೆ, ದಂತವಕ್ರ. ಶಿಶುಪಾಲನ ಜೊತೆಗಾರ, ಕರೂಷ ದೇಶದ ರಾಜ. ವೈಕುಂಠದ ದ್ವಾರಪಾಲಕರಾದ ಜಯ ವಿಜಯರು ಶಾಪದಿಂದ ಮೂರು ಸಲ ಹುಟ್ಟಿದರಲ್ಲ, ಮೂರನೇ ಸಲ ಶಿಶುಪಾಲ, ದಂತವಕ್ರರಾಗಿ ಬಂದವರು. ರಾಜನಾಗಿದ್ದರೂ ಹೆಸರು ಮಾತ್ರ ಹಲ್ಲು ಸೊಟ್ಟ ಅಂತಲೇ. ಈ ಮಾತುಗಳೆಲ್ಲ ಎದುರಿಗೆ ನಿಂತು ನೋಡುವವನ ಮಾತುಗಳು. ಆ ಹಲ್ಲಿಟ್ಟುಕೊಂಡು ಊಟ ಮಾಡುವವನ ಮಾತು ಒಂದೂ ಇಲ್ಲ.

ಇಂಗ್ಲಿಷಿನವರೂ ಪೂರ್ತಿ ಶುದ್ಧ ಅಂತೇನಲ್ಲ. ಕಾಯಿಲೆಗೆ ಕೆಟ್ಟ ಮುಚ್ಚಿಕೆ ಅಂತ ಹೆಸರಿಟ್ಟು, ಅದನ್ನು ಸರಿಮಾಡುವ ವಿದ್ಯೆಗೆ ಆರ್ಥೊಡಾಂಟಿಕ್ಸ್ ಅಂದರು. ಅದು ಗ್ರೀಕ್. ಆರ್ಥೋ ಅಂದರೆ ನೆಟ್ಟಗೆ, ಒಡಾಂಟ್ ಅಂದರೆ ಹಲ್ಲು. ಕಾಯಿಲೆಯ ಹೆಸರು ಕಚ್ಚುವುದರ ಬಗ್ಗೆ, ವೈದ್ಯನ ಹೆಸರು ನೆಟ್ಟಗಿರುವುದರ ಬಗ್ಗೆ! ರೋಗಿಗಳಿಗೆ ಗೊಂದಲ ಆಗುವುದರಲ್ಲಿ ಆಶ್ಚರ್ಯವೇನು? ವಿಶ್ವ ಆರೋಗ್ಯ ಸಂಸ್ಥೆಯ ರೋಗಗಳ ಪಟ್ಟಿಯ ಹತ್ತನೇ ಆವೃತ್ತಿಯಲ್ಲಿ ಮಾತ್ರ ಇದನ್ನು ಚೊಕ್ಕವಾಗಿ ಬಿಡಿಸಿದ್ದಾರೆ. ಹಲ್ಲು ತನ್ನ ಜಾಗ ಬಿಟ್ಟು ಇದ್ದರೆ ಕೆ 07.3. ಮೇಲಿನ ಸಾಲು, ಕೆಳಗಿನ ಸಾಲು ಒಂದಕ್ಕೊಂದು ಹೊಂದದಿದ್ದರೆ ಕೆ 07.2. ಮಾಲ್‌ಅಕ್ಲೂಷನ್ ಅಂತ ಮಾತ್ರ ಗೊತ್ತು, ಎಂಥದ್ದು ಅಂತ ಬರೆದಿಲ್ಲ ಅಂದರೆ ಕೆ 07.4. ನನ್ನ ಹುಡುಗ ಎರಡನೆಯ ಸಾಲಿನವನು, ನಾನು ಕಾರ್ಡಿನಲ್ಲಿ ಮೊದಲನೆಯ ಸಾಲಿಗೆ ಸೇರಿಸಿದ್ದೆ.

ಈ ಪದ ಇಷ್ಟು ಊರ್ಜಿತಕ್ಕೆ ಬರಲು ಮುಖ್ಯ ಕಾರಣ ಎಡ್ವರ್ಡ್ ಆಂಗಲ್ ಅನ್ನುವ ಅಮೆರಿಕದ ದಂತವೈದ್ಯ. 1855ರಲ್ಲಿ ಹುಟ್ಟಿ 1930ರಲ್ಲಿ ತೀರಿಕೊಂಡ. ಹಟಮಾರಿ ಮನುಷ್ಯ. ಆ ಕಾಲಕ್ಕೆ ಹಲ್ಲು ಸರಿಮಾಡುವುದೆಂದರೆ ಕಣ್ಣಿಗೆ ಬಿದ್ದ ಒಂದು ಹಲ್ಲನ್ನು ತಳ್ಳುವುದು, ಎಳೆಯುವುದು. ಆಂಗಲ್ 1899ರಲ್ಲಿ ಒಂದು ವರ್ಗೀಕರಣ ಪ್ರಕಟಿಸಿದ. ಮುಂದಿನ ಹಲ್ಲು ಬಿಡಿ, ಹಿಂದೆ ಹೋಗಿ ನೋಡಿ ಅಂದ. ಆರನೇ ವರ್ಷಕ್ಕೆ ಹುಟ್ಟುವ ಮೊದಲ ಶಾಶ್ವತ ದವಡೆ ಹಲ್ಲು ಇದೆಯಲ್ಲ, ಮೇಲಿನದರ ಮುಂಭಾಗದ ಹೊರಗಿನ ಗುಬುಟು ಕೆಳಗಿನದರ ಹೊರಗಿನ ಗೀರಿನೊಳಗೆ ಕೂರಬೇಕು. ಕೂತಿದ್ದರೂ ಬೇರೆ ಹಲ್ಲುಗಳು ಎಡವಟ್ಟಾಗಿದ್ದರೆ ಅದು ಕ್ಲಾಸ್ ಒನ್. ಕೆಳಗಿನ ಹಲ್ಲು ಹಿಂದೆ ಉಳಿದಿದ್ದರೆ ಕ್ಲಾಸ್ ಟು. ಮುಂದೆ ಹೋಗಿದ್ದರೆ ಕ್ಲಾಸ್ ತ್ರೀ. ಕ್ಲಾಸ್ ತ್ರೀಗೆ ಚರಿತ್ರೆಯಲ್ಲಿ ಹೆಸರಾದವರು ಯೂರೋಪಿನ ಹ್ಯಾಬ್ಸ್‌ಬರ್ಗ್ ರಾಜಮನೆತನ. 1700ರಲ್ಲಿ ತೀರಿಕೊಂಡ ಸ್ಪೇನಿನ ಎರಡನೇ ಚಾರ್ಲ್ಸ್‌ಗೆ ಕೆಳದವಡೆ ಎಷ್ಟು ಮುಂದಿತ್ತೆಂದರೆ ಊಟ ಅಗಿಯುವುದೇ ಕಷ್ಟವಾಗಿತ್ತು. ಸಾಮ್ರಾಜ್ಯ ಇತ್ತು, ಕಚ್ಚು ಇರಲಿಲ್ಲ.

ನೂರಿಪ್ಪತ್ತು ವರ್ಷ ದಾಟಿದರೂ ನಾವು ಕೇಸ್ ಶೀಟಿನಲ್ಲಿ ಬರೆಯುವುದು ಆಂಗಲ್‌ನ ಅಂಕಿಯನ್ನೇ. ಅದರಲ್ಲಿ ಕೊರತೆ ಇಲ್ಲವೆಂದಲ್ಲ. ಅವನು ಹಿಂದೆ ಮುಂದೆ ನೋಡಿದ, ಮೇಲೆ ಕೆಳಗೆ ನೋಡಲಿಲ್ಲ. ನನ್ನ ಮಾವಿನಕಾಯಿ ಹುಡುಗನ ದವಡೆ ಹಲ್ಲು ಸರಿಯಾಗಿಯೇ ಕೂತಿದ್ದವು. ಅವನೂ ಕ್ಲಾಸ್ ಒನ್, ಹಲ್ಲಿನ ಮೇಲೆ ಹಲ್ಲು ಬಂದವನೂ ಕ್ಲಾಸ್ ಒನ್.

ಆಂಗಲ್‌ನ ಇನ್ನೊಂದು ಹಟ, ಒಂದು ಹಲ್ಲನ್ನೂ ಕೀಳಬಾರದು ಅಂತ. ಕ್ಯಾಲ್ವಿನ್ ಕೇಸ್ ಅನ್ನುವವನು 1911ರಲ್ಲಿ ಇದನ್ನು ಎದುರಿಸಿ ದೊಡ್ಡ ಜಗಳವೇ ಆಯಿತು. ಕೊನೆಗೆ ಆಂಗಲ್‌ನ ಶಿಷ್ಯ ಚಾರ್ಲ್ಸ್ ಟ್ವೀಡ್ ತನ್ನ ರೋಗಿಗಳಲ್ಲಿ ಕೆಲವರ ಹಲ್ಲು ಮತ್ತೆ ಜರುಗಿದ್ದು ಕಂಡು, ಕೀಳುವುದೇ ಸರಿ ಅಂತ ಗುರುವಿನ ಮಾತು ದಾಟಿದ. "ಒಳ್ಳೇ ಹಲ್ಲು ನಾಲ್ಕು ಯಾಕೆ ಕೀಳ್ತೀರಿ ಡಾಕ್ಟ್ರೇ" ಅಂತ ನೀವು ಕೇಳುವುದು ಆ ಹಳೇ ಜಗಳದ ಮುಂದುವರಿದ ಭಾಗ. ದವಡೆಯಲ್ಲಿ ಜಾಗ ಇದ್ದರೆ ಕೀಳುವುದಿಲ್ಲ, ಇಲ್ಲದಿದ್ದರೆ ಕೀಳುತ್ತೇವೆ. ಸಂತೆ ಬಸ್ಸಿನ ಲೆಕ್ಕ.

ಬಳಕೆಯಲ್ಲಿ ಜಾಸ್ತಿ ತಪ್ಪಾಗುವುದು ಓವರ್‌ಬೈಟ್ ಅನ್ನುವಲ್ಲಿ. ಇಂಟರ್ನೆಟ್ ನೋಡಿಕೊಂಡು ಬಂದವರು ಉಬ್ಬು ಹಲ್ಲಿಗೆ ಓವರ್‌ಬೈಟ್ ಅನ್ನುತ್ತಾರೆ. ಅದು ಓವರ್‌ಜೆಟ್. ಮೇಲಿನ ಹಲ್ಲು ಕೆಳಗಿನದಕ್ಕಿಂತ ಎಷ್ಟು ಮುಂದೆ ಇದೆ ಅನ್ನುವುದು ಓವರ್‌ಜೆಟ್, ಎರಡು ಮೂರು ಮಿಲಿಮೀಟರ್ ಇದ್ದರೆ ಸರಿ. ಮೇಲಿನದು ಕೆಳಗಿನದನ್ನು ಎಷ್ಟು ಮುಚ್ಚಿದೆ ಅನ್ನುವುದು ಓವರ್‌ಬೈಟ್, ಸುಮಾರು ಮೂರರಲ್ಲೊಂದು ಪಾಲು. ಸೂರಿನ ಹಂಚು ಗೋಡೆಯಿಂದ ಎಷ್ಟು ಹೊರಗೆ ಚಾಚಿದೆ ಅನ್ನುವುದು ಒಂದು ಲೆಕ್ಕ, ಎಷ್ಟು ಕೆಳಗೆ ಇಳಿದಿದೆ ಅನ್ನುವುದು ಇನ್ನೊಂದು. ಮಲೆನಾಡಿನವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಇನ್ನೊಂದು ಮಾತು ಅಪ್ಪ ಅಮ್ಮಂದಿರಿಗೆ. ಏಳೆಂಟು ವರ್ಷಕ್ಕೆ ಮೇಲಿನ ಬಾಚಿ ಹಲ್ಲುಗಳ ನಡುವೆ ಸಂದು ಕಂಡರೆ ಗಾಬರಿಯಾಗಿ ಓಡಿಬರುತ್ತೀರಿ. ಎಷ್ಟೋ ಮಕ್ಕಳಲ್ಲಿ ಹನ್ನೊಂದು ಹನ್ನೆರಡಕ್ಕೆ ಕೋರೆ ಹಲ್ಲು ಇಳಿದಾಗ ಅದೇ ಸರಿಹೋಗುತ್ತದೆ. ಅದಕ್ಕೆ ನಮ್ಮ ಪುಸ್ತಕಗಳಲ್ಲಿ ಕುರೂಪಿ ಬಾತುಮರಿಯ ಹಂತ ಅಂತಲೇ ಹೆಸರು. ಒಮ್ಮೆ ತೋರಿಸಿ, ಕಾಯಿರಿ ಅಂದರೆ ಕಾಯಿರಿ.

ಈ ಪದ ಅಂದಚೆಂದದ್ದಲ್ಲ ಅನ್ನುವುದಕ್ಕೆ ನನ್ನ ಹತ್ತಿರ ಇರುವ ಗಟ್ಟಿ ಸಾಕ್ಷಿ ಮೊಲ. ಪಶುವೈದ್ಯರೂ ಮಾಲ್‌ಅಕ್ಲೂಷನ್ ಅನ್ನುತ್ತಾರೆ. ಮೊಲದ ಹಲ್ಲು ಸಾಯುವವರೆಗೂ ಬೆಳೆಯುತ್ತಲೇ ಇರುತ್ತದೆ. ಮೇಲಿನದು ಕೆಳಗಿನದನ್ನು ತೇಯುತ್ತದೆ, ಕೆಳಗಿನದು ಮೇಲಿನದನ್ನು. ಹಾಗಾಗಿ ಅಳತೆಯಲ್ಲಿರುತ್ತದೆ. ಒಂದಕ್ಕೊಂದು ಸಿಗದೇ ಹೋದರೆ ಎರಡೂ ಬೆಳೆದು ಕೊಂಬಿನ ಹಾಗೆ ಸುರುಳಿಯಾಗುತ್ತವೆ. ಹುಲ್ಲು ಮುಂದಿದ್ದರೂ ತಿನ್ನಲಾಗದೆ ಪ್ರಾಣಿ ಸೊರಗುತ್ತದೆ. ಹಲ್ಲು ಕೀಳುವುದೋ ಆಗಾಗ ಕತ್ತರಿಸುವುದೋ ಮಾಡಬೇಕು. ಮೊಲವನ್ನು ಯಾರೂ ಹಲ್ಲುಬ್ಬ ಅಂತ ಕರೆದು ಕ್ಲಿಪ್ ಹಾಕಿಸುವುದಿಲ್ಲವಷ್ಟೆ.

ಈಗ ಕನ್ನಡಕ್ಕೆ ಬರುತ್ತೇನೆ. ಆ ತಾಯಿ ಕೂರ್ತಿಲ್ಲ ಅಂದರಲ್ಲ, ಅದು ಬಡಗಿಯ ಮಾತು. ಮಳೆಗಾಲದಲ್ಲಿ ಬಾಗಿಲು ಉಬ್ಬಿದರೆ ಕೂರ್ತಿಲ್ಲ ಅನ್ನುತ್ತೇವೆ. ಬಾಗಿಲು ನೆಟ್ಟಗೇ ಇರುತ್ತದೆ, ಚೌಕಟ್ಟಿಗೆ ಹೊಂದುವುದಿಲ್ಲ. ಆಮೇಲೆ ಹೊಳೆಯಿತು, ನಮ್ಮ ಹಲ್ಲಿನ ಹೆಸರೇ ಬಡಗಿಯ ಚೀಲದಿಂದ ಬಂದಿದೆ. ಮುಂದಿನ ಹಲ್ಲು ಬಾಚಿ ಹಲ್ಲು. ಬಾಚಿ ಅಂದರೆ ಮರ ಕೆತ್ತುವ ಸಾಧನ. ಹಾಗೆ ಕರೆದವರು ಹಲ್ಲಿನ ಚೆಂದ ನೋಡಿದವರಲ್ಲ, ಕೆಲಸ ನೋಡಿದವರು. ಮೋಲಾರ್ ಅನ್ನುವ ಲ್ಯಾಟಿನ್ ಪದಕ್ಕೂ ಬೀಸುವ ಕಲ್ಲೇ ಮೂಲ. ಬೀಸುವ ಕಲ್ಲಿನ ಮೇಲಿನ ಬಿಲ್ಲೆ ಎಷ್ಟೇ ದುಂಡಗಿರಲಿ, ಗೂಟಕ್ಕೆ ಸರಿಯಾಗಿ ಕೂರದಿದ್ದರೆ ರಾಗಿ ನುರಿಯುವುದಿಲ್ಲ. ಅಜ್ಜಿಯಂದಿರಿಗೆ ಗೊತ್ತಿದ್ದ ಅಕ್ಲೂಷನ್ ಅದು.

ಹಾಗಾಗಿ ನನ್ನ ಅಭಿಪ್ರಾಯ ಇಷ್ಟೆ. ಒಂದು ಹಲ್ಲು ತಿರುಚಿಕೊಂಡಿದ್ದರೆ ಸೊಟ್ಟ ಹಲ್ಲು ಅನ್ನಿ, ತಪ್ಪಿಲ್ಲ. ಮಾಲ್‌ಅಕ್ಲೂಷನ್‌ಗೆ ಮಾತ್ರ ವಕ್ರದಂತ ಬೇಡ. ಕಚ್ಚು ಕೂರದಿರುವುದು ಅನ್ನೋಣ. ಕಾಗದದಲ್ಲಿ ಚಿಕ್ಕದಾಗಿ ಬರೆಯಬೇಕಾದರೆ ಕಚ್ಚಿನ ದೋಷ. ಪಂಡಿತರು ಇದಕ್ಕಿಂತ ಭಾರದ ಪದ ಕೊಡಬಹುದು. ಆದರೆ ಕುರ್ಚಿಯಲ್ಲಿ ಬಾಯಿ ತೆರೆದು ಮಲಗಿದವನಿಗೆ ಅರ್ಥವಾಗಬೇಕಲ್ಲ.

ಮುಂದಿನ ವರ್ಷದ ಶಿಬಿರಕ್ಕೆ ಕಾರ್ಡು ಬದಲಾಯಿಸಿದೆ. ವಕ್ರದಂತ ಹೊಡೆದುಹಾಕಿ, 'ಕಚ್ಚು ಸರಿಯಾಗಿ ಕೂರುತ್ತದೆಯೇ?' ಅಂತ ಬರೆದು ಪ್ರೆಸ್ಸಿಗೆ ಕಳಿಸಿದೆ. ಸಂಜೆ ಪ್ರೆಸ್ಸಿನ ಹುಡುಗ ಫೋನ್ ಮಾಡಿದ. "ಸಾರ್, ಒಂದು ಡೌಟು. ಇದು ಹಲ್ಲಿನ ಕಾರ್ಡಾ, ಬಾಗಿಲಿನ ಕಾರ್ಡಾ?"

ಹಲ್ಲಿನದೇ, ಪ್ರಿಂಟ್ ಮಾಡಪ್ಪ ಅಂದೆ. ನಿಮ್ಮ ಪ್ರಶ್ನೆಗಳಿದ್ದರೆ ಕೇಳಿ. ಬಾಯಿ ತೋರಿಸುವುದಿದ್ದರೆ ಚಹಾ ಕುಡಿಯುವ ಮೊದಲೇ ಬನ್ನಿ.