ಶಿವನೇರಿಯ ಶಿವಸುಮನ

ಕೇಳುಗರಿಗೆ ನಮಸ್ಕಾರ. ಪುಣೆಯಲ್ಲಿ ನೆಲೆಸಿರುವ ಕನ್ನಡಿಗರಲ್ಲಿ, ಮಳೆಗಾಲ ಮುಗಿಯುತ್ತಿದ್ದಂತೆ ಜುನ್ನರದ ಶಿವನೇರಿ ಕೋಟೆಯನ್ನು ಹತ್ತಿ ಬರುವವರು ಬಹಳ ಮಂದಿ. ಶಿವಾಜಿ ಮಹಾರಾಜರು ಹುಟ್ಟಿದ ಮನೆಯನ್ನೂ ಗಂಗಾ-ಜಮುನಾ ಎಂಬ ನೀರಿನ ತೊಟ್ಟಿಗಳನ್ನೂ ನೋಡಿ ಮರಳುವ ಅವರಲ್ಲಿ, ಅದೇ ಕೋಟೆಯ ಕಡಿದಾದ ಬಂಡೆಯ ಮೇಲೆ ಅರಳುವ ಶಿವಸುಮನ ಎಂಬ ಪುಟ್ಟ ಗಿಡವನ್ನು ಕಂಡವರು ವಿರಳ.

ಮುಂಬಯಿ ಪ್ರಾಂತ್ಯದ ಅರಣ್ಯಾಧಿಕಾರಿಯಾಗಿದ್ದ ಡಾಲ್ಜೆಲ್ ಈ ಸಸ್ಯವನ್ನು ವಿವರಿಸಿ, 1862ರಿಂದ 1867ರವರೆಗೆ ಗವರ್ನರ್ ಆಗಿದ್ದ ಬಾರ್ಟಲ್ ಫ್ರೆರ್ ಅವರ ಗೌರವಾರ್ಥ ಫ್ರೆರಿಯಾ ಇಂಡಿಕಾ ಎಂದು ಹೆಸರಿಟ್ಟರು. ಇದು ಸಹ್ಯಾದ್ರಿಯ ಮಹಾರಾಷ್ಟ್ರ ಭಾಗವನ್ನು ಬಿಟ್ಟು ಬೇರೆಲ್ಲೂ ಸಹಜವಾಗಿ ಬೆಳೆಯುವುದಿಲ್ಲ. ಪುರಂದರ, ಸಜ್ಜನಗಡ, ಮಹಾಬಳೇಶ್ವರದ ಕಡೆಯ ಕೆಲವು ಬಂಡೆಗಳಲ್ಲಿಯೂ ಇದೆ.

ನಮಗೆಲ್ಲ ಗೊತ್ತಿರುವ ಎಕ್ಕದ ಗಿಡದ ದೂರದ ಸಂಬಂಧಿ ಇದು. ದಪ್ಪನೆಯ ರಸಭರಿತ ಕಾಂಡದಲ್ಲಿ ನೀರನ್ನು ಹಿಡಿದಿಟ್ಟುಕೊಳ್ಳುವ ಈ ಗಿಡ ಮಳೆಗಾಲದಲ್ಲಿ ಹಸಿರೆಲೆಗಳನ್ನು ತಳೆದು, ಬೇಸಿಗೆಯಲ್ಲಿ ಅವನ್ನು ಉದುರಿಸಿ ಬರಿಯ ಕಾಂಡವಾಗಿ ಉಳಿಯುತ್ತದೆ. ಹೂವು ಒಂದು ರೂಪಾಯಿ ನಾಣ್ಯದಷ್ಟು ಅಗಲ. ಐದು ಮೂಲೆಯ ನಕ್ಷತ್ರದಂತಹ, ಗಾಢ ಕೆಂಗಂದು ಬಣ್ಣದ ದಳಗಳ ಮೇಲೆ ಹಳದಿ ಮಚ್ಚೆಗಳು, ಅಂಚಿನಲ್ಲಿ ನವಿರು ರೋಮ. ಪರಾಗವು ಇಲ್ಲಿ ಪುಡಿಯಾಗಿರದೆ ಮೇಣದಂತಹ ಪುಟ್ಟ ಗಂಟುಗಳಾಗಿದ್ದು, ಹೂವಿಗೆ ಬರುವ ನೊಣದ ಮೈಗೆ ಸಿಕ್ಕಿಕೊಂಡು ಇನ್ನೊಂದು ಹೂವನ್ನು ತಲುಪಬೇಕು. ಬಳಿಕ ಕಾಯಿ ಒಡೆದಾಗ ರೇಷ್ಮೆಯಂತಹ ಎಳೆಗಳುಳ್ಳ ಬೀಜಗಳು ಗಾಳಿಯಲ್ಲಿ ತೇಲಿ ಹೋಗುತ್ತವೆ. ಅವುಗಳಲ್ಲಿ ಯಾವುದಾದರೂ ಒಂದು, ಹಿಡಿ ಮಣ್ಣಿರುವ ಬಿರುಕಿಗೆ ಬಿದ್ದರೆ ಹೊಸ ಗಿಡ.

ದನಕರುಗಳೂ ಕಾಳ್ಗಿಚ್ಚೂ ಸುಲಭವಾಗಿ ತಲುಪದ ಕಡಿದಾದ ಬಂಡೆಯೇ ಇದರ ಆಸರೆ. ವಿಚಿತ್ರವೆಂದರೆ, ಕಾಡಿನಲ್ಲಿ ಇಷ್ಟು ಅಪರೂಪವಾದ ಈ ಗಿಡ ಕುಂಡದಲ್ಲಿ ಬೆಳೆಯಲು ಹಟ ಮಾಡುವುದಿಲ್ಲ. ಕಾಂಡದ ತುಂಡನ್ನು ನೆಟ್ಟರೆ ಬೇರು ಬಿಡುತ್ತದೆ. ಹೊರದೇಶದ ಹವ್ಯಾಸಿಗಳ ಗಾಜಿನ ಮನೆಗಳಲ್ಲಿಯೂ ಇದು ಇದೆ. ಹಾಗಾದರೆ ಚಿಂತೆ ಏಕೆ ಎಂದು ಕೆಲವರು ಕೇಳುವುದುಂಟು. ಆದರೆ ಒಂದು ಗಿಡದಿಂದ ಮುರಿದ ತುಂಡುಗಳು ನೂರು ಕುಂಡಗಳಲ್ಲಿ ಬೆಳೆದರೂ ಅನುವಂಶೀಯತೆಯ ಲೆಕ್ಕದಲ್ಲಿ ಅವೆಲ್ಲ ಒಂದೇ ಗಿಡ. ಬೇರೆ ಬೇರೆ ಗಿಡಗಳ ನಡುವೆ ನೊಣ ಓಡಾಡಿ, ಬೀಜ ಕಟ್ಟಿ, ಹೊಸ ಪೀಳಿಗೆ ಹುಟ್ಟುವ ಕೆಲಸ ಬಂಡೆಯ ಮೇಲೆಯೇ ನಡೆಯಬೇಕು. ಆದ್ದರಿಂದ ಕುಂಡದ ಕೃಷಿಯನ್ನು ನಾನು ಬೇಡವೆನ್ನದಿದ್ದರೂ ಅದನ್ನು ಸಂರಕ್ಷಣೆಯೆಂದು ಕರೆಯಲು ಒಪ್ಪಲಾರೆ.

ನೋಡುವ ಆಸೆಯುಳ್ಳವರು ಮಳೆ ಹಿಂದೆ ಸರಿಯುವ ದಿನಗಳಲ್ಲಿ ಮೆಟ್ಟಿಲ ದಾರಿಯನ್ನು ಬಿಡದೆ, ದುರ್ಬೀನಿನಿಂದ ಬಂಡೆಯ ಬಿರುಕುಗಳನ್ನು ಹುಡುಕಬಹುದು. ಹೂವು ಕಂಡರೆ ಚಿತ್ರವನ್ನು ಹಂಚಿಕೊಳ್ಳಿ. ಗಿಡವಿರುವ ನಿಖರವಾದ ಜಾಗವನ್ನು ಮಾತ್ರ ಬರೆಯಬೇಡಿ, ಏಕೆಂದರೆ ಕಿತ್ತು ಮಾರುವವರಿಗೆ ಬೇಕಾಗಿರುವುದು ಅದೊಂದೇ.